ಬಾಯಾರಿನ ಮನೆಮಾತುಗಳೂ ಕನ್ನಡವೂ

ಪೈವಳಿಕೆ ಪಂಚಾಯತಿಗೆ ಸೇರಿದ ಬಾಯಾರು ಗುಡ್ಡ ಬಯಲುಗಳ ಗ್ರಾಮ. ತುಳು, ಹವ್ಯಕ ಕನ್ನಡ, ಕೊಂಕಣಿ, ಮರಾಠಿ, ಬ್ಯಾರಿ, ಮಲಯಾಳ, ಹೀಗೆ ಇಲ್ಲಿಯ ಮನೆಮಾತುಗಳು ಹಲವು. ಆದರೂ ಇವರಲ್ಲಿ ಬಹುಮಂದಿ ಓದುಬರಹಕ್ಕೆ ಆಶ್ರಯಿಸಿದುದು ಕನ್ನಡವನ್ನೇ. ಹಿಂದೆ ಈ ಸೀಮೆ ದಕ್ಷಿಣ ಕನ್ನಡ ಜಿಲ್ಲೆಗೆ ಸೇರಿದ್ದುದೂ, ಮಂಗಳೂರಿನ ಬಾಸೆಲ್ ಮಿಶನ್ನಿನವರು ತುಳುವನ್ನು ಕನ್ನಡ ಲಿಪಿಯಲ್ಲಿ ಅಚ್ಚಿಸಿದುದೂ ಇದಕ್ಕೆ ಪೋಷಕವಾದುವು.

1956ರ ನವೆಂಬರ 1ರಂದು ಕಾಸರಗೋಡು ಕೇರಳಕ್ಕೆ ಸೇರಿತು. ಚಂದ್ರಗಿರಿಯ ಉತ್ತರಭಾಗ ಮೈಸೂರಿಗೆ ಸೇರಬೇಕೆಂದು 1967ರಲ್ಲಿ ಮಹಾಜನ ಆಯೋಗವು ಮಾಡಿದ ಶಿಫಾರಸು ಜಾರಿಗೆ ಬರಲಿಲ್ಲ.

ಜನಗಣತಿಯು ಕೇಳುವುದು ಮಾತೃಭಾಷೆಯನ್ನು. ತುಳುವರ ಮನೆಯವರು ತುಳುವೆಂದೇ ಬರೆಯಿಸುವುದು ನ್ಯಾಯ. ಆದುದರಿಂದ ಕನ್ನಡದ ವ್ಯಾಪ್ತಿ ಆ ಅಂಕೆಗಳಿಂದ ತಿಳಿಯದು. ಕನ್ನಡ ತರಗತಿಗೆ ಯಾವ ಯಾವ ಮನೆಗಳ ಮಕ್ಕಳು ಬಂದರೆಂಬುದನ್ನು ಹೇಳಬಲ್ಲವು ಶಾಲೆಗಳ ಹಳೆಯ ದಾಖಲಾತಿ ಪುಸ್ತಕಗಳು. ಅವು ಗೆದ್ದಲಿನ ಪಾಲಾಗದಂತೆ ಕಾಯುವುದು ಅಧ್ಯಾಪಕರಾದ ನಮ್ಮ ಕರ್ತವ್ಯ.