ಆಟಕ್ಕೂ ಉಂಟು, ಲೆಕ್ಕಕ್ಕೂ ಉಂಟು
(ಮ್ಯೂಸಿಯಂ ಬಾಗಿಲು ಪುಟಾಣಿಗಳಿಗೆ ತೆರೆದ ಕಥೆ)

ನಮ್ಮ ಊರುಗಳಲ್ಲಿ ಕುಂಟಾಬಿಲ್ಲೆಯೋ ಕಣ್ಣಾಮುಚ್ಚಾಲೆಯೋ ನಡೆಯುವಾಗ ಮೂರು ವರ್ಷದ ತಮ್ಮನೋ ತಂಗಿಯೋ ‘ನಾನೂ ಬರ್ತೀನಿ’ ಎಂದು ಅಳುತ್ತಾ ಬಂದರೆ ದೊಡ್ಡ ಮಕ್ಕಳು ಒಂದು ಉಪಾಯ ಮಾಡುತ್ತಿದ್ದರು. ಸೇರಿಸಿಕೊಳ್ಳುವುದು, ಆದರೆ ಔಟ್ ಮಾಡದೆ ಬಿಟ್ಟುಬಿಡುವುದು. ‘ಆಟಕ್ಕುಂಟು ಲೆಕ್ಕಕ್ಕಿಲ್ಲ’ ಎಂದರೆ ಇದೇ. ಮ್ಯೂಸಿಯಂಗಳ ಚರಿತ್ರೆಯಲ್ಲಿ ಇನ್ನೂ ಶಾಲೆಗೆ ಸೇರದ ಮಕ್ಕಳಿಗೆ ಬಹುಕಾಲ ಈ ಸ್ಥಾನವೂ ಇರಲಿಲ್ಲ.

ಇಂದು ಈ ದೇಶದಲ್ಲಿ ಮಳೆ ಬಂದ ಶನಿವಾರ, ಹಿಮ ಬಿದ್ದ ಭಾನುವಾರ ನಾವು ಮಕ್ಕಳನ್ನು ಕಾರಿಗೆ ಹತ್ತಿಸಿ ಮಕ್ಕಳ ಮ್ಯೂಸಿಯಂಗೆ ಹೊರಡುತ್ತೇವೆ. ಅಲ್ಲಿ ನೀರಾಟವಿದೆ, ಮರದ ದಿಮ್ಮಿಗಳಿವೆ, ಪುಟ್ಟ ದಿನಸಿ ಅಂಗಡಿಯೂ ಇದೆ. ಮಕ್ಕಳು ಆಡುತ್ತಾರೆ, ನಾವು ಅವರ ಕೋಟು ಹಿಡಿದುಕೊಂಡು ಗೋಡೆಗೆ ಒರಗಿ ನಿಲ್ಲುತ್ತೇವೆ. ಈ ಜಾಗಗಳನ್ನು ಕಟ್ಟಿದವರು ನಮ್ಮನ್ನು ಗೋಡೆಗೆ ಒರಗಿ ನಿಲ್ಲಲೆಂದು ಕರೆಯಲಿಲ್ಲ ಎನ್ನುವುದು ಅವುಗಳ ಚರಿತ್ರೆ ಓದಿದರೆ ತಿಳಿಯುತ್ತದೆ.

ಇದರ ಬೇರು ಇರುವುದು ಮ್ಯೂಸಿಯಂಗಳಲ್ಲಿ ಅಲ್ಲ, ಶಿಶುವಿಹಾರಗಳಲ್ಲಿ. ಜರ್ಮನಿಯ ಫ್ರೆಡ್ರಿಕ್ ಫ್ರೋಬೆಲ್ 1837ರಲ್ಲಿ ಬಾಡ್ ಬ್ಲಾಂಕೆನ್‌ಬರ್ಗ್ ಎಂಬ ಊರಿನಲ್ಲಿ ಪುಟ್ಟ ಮಕ್ಕಳಿಗಾಗಿ ಒಂದು ಸಂಸ್ಥೆ ತೆರೆದ. 1840ರಲ್ಲಿ ಅದಕ್ಕೆ ‘ಕಿಂಡರ್‌ಗಾರ್ಟನ್’, ಅಂದರೆ ಮಕ್ಕಳ ತೋಟ, ಎಂದು ಹೆಸರಿಟ್ಟ. ಅವನು ಮಕ್ಕಳ ಕೈಗೆ ಕೊಟ್ಟಿದ್ದು ಪುಸ್ತಕವಲ್ಲ. ಮೊದಲು ದಾರಕ್ಕೆ ಕಟ್ಟಿದ ಬಣ್ಣಬಣ್ಣದ ಉಣ್ಣೆಯ ಚೆಂಡುಗಳು, ಆಮೇಲೆ ಮರದ ಗೋಲ, ಘನ, ಕೊಳವೆಯಾಕಾರದ ತುಂಡುಗಳು. ಇವನ್ನು ‘ಕೊಡುಗೆಗಳು’ ಎಂದು ಕರೆದ. ಅಷ್ಟಕ್ಕೇ ನಿಲ್ಲದೆ, ತಾಯಂದಿರು ಮಗುವಿನ ಬೆರಳು ಹಿಡಿದು ಆಡಿಸುತ್ತಾ ಹೇಳಬಹುದಾದ ಹಾಡು-ಆಟಗಳ ಪುಸ್ತಕವೊಂದನ್ನು 1844ರಲ್ಲಿ ಹೊರತಂದ. ಆಟಿಕೆಯ ಜೊತೆಗೆ ತಾಯಿಯೂ ಬೇಕು ಎಂಬುದನ್ನು ಅಂದೇ ಕಂಡುಕೊಂಡಿದ್ದವನು ಆತ.

ಮುಂದೆ 1907ರಲ್ಲಿ ರೋಮ್ ನಗರದ ಬಡವರ ಬಡಾವಣೆ ಸಾನ್ ಲೊರೆಂಜೊದಲ್ಲಿ ವೈದ್ಯೆ ಮರಿಯಾ ಮಾಂಟೆಸ್ಸರಿ ‘ಮಕ್ಕಳ ಮನೆ’ ತೆರೆದರು. ಮಗುವಿನ ಎತ್ತರಕ್ಕೆ ತಕ್ಕ ಮೇಜು, ಕುರ್ಚಿ. ಕೈಯಿಂದ ಮುಟ್ಟಿ, ಹೊಂದಿಸಿ, ತಪ್ಪಾದರೆ ತಾನೇ ಸರಿಪಡಿಸಿಕೊಳ್ಳಬಹುದಾದ ಸಾಮಗ್ರಿ. ಈಕೆಗೂ ನಮಗೂ ನೇರ ನಂಟಿದೆ. 1939ರಲ್ಲಿ ಆಕೆ ಮದರಾಸಿನ ಅಡ್ಯಾರಿಗೆ ಶಿಕ್ಷಕರ ತರಬೇತಿ ನಡೆಸಲು ಬಂದರು. ಮರುವರ್ಷ ಇಟಲಿ ಯುದ್ಧಕ್ಕಿಳಿದಾಗ ಬ್ರಿಟಿಷ್ ಸರ್ಕಾರದ ದೃಷ್ಟಿಯಲ್ಲಿ ಶತ್ರುದೇಶದ ಪ್ರಜೆಯಾಗಿ, 1946ರವರೆಗೆ ಭಾರತದಲ್ಲೇ ಉಳಿಯಬೇಕಾಯಿತು. ಅದರಲ್ಲಿ ಕೆಲವು ವರ್ಷ ಕೊಡೈಕೆನಾಲ್‌ನಲ್ಲಿದ್ದರು. ನಮ್ಮೂರ ಬೀದಿಗಳಲ್ಲಿ ‘ಮಾಂಟೆಸ್ಸರಿ’ ಎಂಬ ಬೋರ್ಡುಗಳು ಅಷ್ಟೊಂದು ಕಾಣುವುದಕ್ಕೆ ಆಕೆ ಆ ವರ್ಷಗಳಲ್ಲಿ ಕೊಟ್ಟ ತರಬೇತಿಯೂ ಒಂದು ದೊಡ್ಡ ಕಾರಣ.

ಇನ್ನು ಮ್ಯೂಸಿಯಂ ಕಡೆಗೆ ಬರೋಣ. ಮಕ್ಕಳಿಗೆಂದೇ ಹುಟ್ಟಿದ ಮೊದಲ ಮ್ಯೂಸಿಯಂ ನ್ಯೂಯಾರ್ಕಿನ ಬ್ರೂಕ್ಲಿನ್‌ನಲ್ಲಿ, ಒಂದು ಉದ್ಯಾನದೊಳಗಿನ ಹಳೆಯ ಬಂಗಲೆಯಲ್ಲಿ, 1899ರ ಡಿಸೆಂಬರ್ 16ರಂದು ತೆರೆಯಿತು. 1902ರಲ್ಲಿ ಅಲ್ಲಿ ಕೆಲಸಕ್ಕೆ ಸೇರಿದ ಅನ್ನಾ ಬಿಲ್ಲಿಂಗ್ಸ್ ಗ್ಯಾಲಪ್ 1904ರಿಂದ 1937ರವರೆಗೆ ಅದನ್ನು ನಡೆಸಿದರು. ಈ ಜಾಗ ತನ್ನದು ಎಂದು ಮಗುವಿಗೆ ಅನ್ನಿಸಬೇಕು, ವಸ್ತುಗಳನ್ನು ಅದು ಕೈಯಲ್ಲಿ ಹಿಡಿದು ನೋಡಬೇಕು ಎಂಬುದು ಅವರ ನಿಲುವು. ಬಾಸ್ಟನ್ನಿನಲ್ಲಿ ವಿಜ್ಞಾನದ ಶಿಕ್ಷಕರು ಸೇರಿ 1913ರಲ್ಲಿ, ಇಂಡಿಯಾನಾಪೊಲಿಸ್‌ನಲ್ಲಿ 1925ರಲ್ಲಿ ಇಂಥವೇ ಮ್ಯೂಸಿಯಂಗಳು ಹುಟ್ಟಿದವು. ಯೂರೋಪಿನಲ್ಲೂ ಗಾಳಿ ಬದಲಾಗುತ್ತಿತ್ತು. ಆಸ್ಕರ್ ಫಾನ್ ಮಿಲ್ಲರ್ ಎಂಬ ಎಂಜಿನಿಯರ್ ಮ್ಯೂನಿಕ್‌ನಲ್ಲಿ ಕಟ್ಟಿದ ಜರ್ಮನ್ ಮ್ಯೂಸಿಯಂ 1925ರಲ್ಲಿ ತನ್ನ ಸ್ವಂತ ಕಟ್ಟಡಕ್ಕೆ ಬಂದಾಗ ಜನ ಗುಂಡಿ ಒತ್ತಿ, ಹಿಡಿ ತಿರುಗಿಸಿ ಯಂತ್ರಗಳನ್ನು ಓಡಿಸಿ ನೋಡಬಹುದಾಗಿತ್ತು. ಲಂಡನ್ನಿನ ಸೈನ್ಸ್ ಮ್ಯೂಸಿಯಂ 1931ರಲ್ಲಿ ಮಕ್ಕಳ ಗ್ಯಾಲರಿ ತೆರೆಯಿತು.

ಆದರೆ ಒಂದನ್ನು ಗಮನಿಸಿ. ಇವೆಲ್ಲ ಬಹುಮಟ್ಟಿಗೆ ಶಾಲೆಗೆ ಹೋಗುವ ಮಕ್ಕಳಿಗಾಗಿ ಇದ್ದವು. ಓದಲು ಬಾರದ ಮೂರು ವರ್ಷದ ಮಗು ಅಲ್ಲಿ ಅಮ್ಮನ ಸೊಂಟದ ಮೇಲೆಯೇ ಇರಬೇಕಿತ್ತು.

ಎರಡನೆಯ ತಿರುವು 1960ರ ದಶಕದಲ್ಲಿ ಬಂತು. ಪ್ರಖ್ಯಾತ ಮಕ್ಕಳ ವೈದ್ಯ ಬೆಂಜಮಿನ್ ಸ್ಪಾಕ್ ಅವರ ಮಗ ಮೈಕೇಲ್ ಸ್ಪಾಕ್ 1962ರಲ್ಲಿ ಬಾಸ್ಟನ್ ಮಕ್ಕಳ ಮ್ಯೂಸಿಯಂನ ನಿರ್ದೇಶಕರಾದರು. ಬಾಲ್ಯದಲ್ಲಿ ಅಕ್ಷರಗಳ ಜೊತೆ ಗುದ್ದಾಡಿ ಬೆಳೆದವರು, ಡಿಸ್ಲೆಕ್ಸಿಯ ಇದ್ದವರು. ಓದದೆಯೂ ಕಲಿಯುವುದು ಹೇಗೆ ಎಂಬುದು ಅವರಿಗೆ ಸ್ವಂತ ಪ್ರಶ್ನೆಯಾಗಿತ್ತು. ಅವರ ಮೊದಲ ಪ್ರದರ್ಶನಗಳಲ್ಲೊಂದು ದಿನಬಳಕೆಯ ವಸ್ತುಗಳನ್ನು ಸೀಳಿ ‘ಒಳಗೇನಿದೆ?’ ಎಂದು ತೋರಿಸುವುದಾಗಿತ್ತು. ಗಾಜಿನ ಪೆಟ್ಟಿಗೆ ಹೋಯಿತು, ಕೈ ಬಂತು. 1969ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಭೌತವಿಜ್ಞಾನಿ ಫ್ರಾಂಕ್ ಓಪನ್‌ಹೈಮರ್, ಅಣುಬಾಂಬಿನ ರಾಬರ್ಟ್ ಓಪನ್‌ಹೈಮರ್ ಅವರ ತಮ್ಮ, ಎಕ್ಸ್‌ಪ್ಲೊರೇಟೋರಿಯಂ ತೆರೆದರು. ಶಾಲೆಯಲ್ಲಿ ಫೇಲಾಗಬಹುದು, ಮ್ಯೂಸಿಯಂನಲ್ಲಿ ಫೇಲಾದವರು ಯಾರೂ ಇಲ್ಲ ಎನ್ನುವುದು ಅವರ ವಾದ.

ಪುಟಾಣಿಗಳ ಸರದಿ ಬಂದದ್ದು 1976ರಲ್ಲಿ. ಫಿಲಡೆಲ್ಫಿಯಾದಲ್ಲಿ ಮಾಂಟೆಸ್ಸರಿ ಪದ್ಧತಿಯ ಶಿಕ್ಷಕಿ ಪೋರ್ಷಿಯಾ ಸ್ಪೆರ್ ಏಳು ವರ್ಷದೊಳಗಿನ ಮಕ್ಕಳಿಗೆಂದೇ ಒಂದು ಮ್ಯೂಸಿಯಂ ಆರಂಭಿಸಿದರು. ಅದರ ಹೆಸರೇ ‘ಪ್ಲೀಸ್ ಟಚ್’, ದಯವಿಟ್ಟು ಮುಟ್ಟಿ! ಇನ್ನೊಂದು ಮ್ಯೂಸಿಯಂನ ಪುಟ್ಟ ಜಾಗದಲ್ಲಿ ಶುರುವಾದ ಅದು 2008ರಲ್ಲಿ ಮೆಮೋರಿಯಲ್ ಹಾಲ್ ಎಂಬ ಭವ್ಯ ಕಟ್ಟಡಕ್ಕೆ ಬಂತು. ಆ ಕಟ್ಟಡ ಅಮೆರಿಕದ ಶತಮಾನೋತ್ಸವ ವಸ್ತುಪ್ರದರ್ಶನಕ್ಕೆಂದು 1876ರಲ್ಲಿ ಕಲಾ ಗ್ಯಾಲರಿಯಾಗಿ ಕಟ್ಟಿದ್ದು. ಅಂದು ದೊಡ್ಡವರು ಕೈಕಟ್ಟಿ ಚಿತ್ರ ನೋಡಿದ ಹಜಾರದಲ್ಲಿ ಇಂದು ಎರಡು ವರ್ಷದವರು ಅಂಬೆಗಾಲಿಕ್ಕುತ್ತಾರೆ.

ಅದೇ ದಶಕದ ಕೊನೆಗೆ ಬಾಸ್ಟನ್ನಿನಲ್ಲಿ ಶಿಶುಶಿಕ್ಷಣ ತಜ್ಞೆ ಜೆರಿ ರಾಬಿನ್ಸನ್ ‘ಪ್ಲೇಸ್ಪೇಸ್’ ರೂಪಿಸಿದರು. ಇದು ಪುಟ್ಟ ಮಕ್ಕಳಿಗೂ ಅವರೊಡನೆ ಬಂದ ದೊಡ್ಡವರಿಗೂ ಸೇರಿ ಮಾಡಿದ ಜಾಗ. ದೊಡ್ಡವರು ಕೂರಲು ಸ್ಥಳ, ಬೇರೆ ತಂದೆತಾಯಿಯರೊಡನೆ ಮಾತು, ಮಗು ಏನು ಮಾಡುತ್ತಿದೆ ಎಂದು ನೋಡಿ ಅರಿಯುವ ಅವಕಾಶ. ಮಗುವನ್ನು ಲೆಕ್ಕಕ್ಕೆ ತೆಗೆದುಕೊಳ್ಳುವುದೆಂದರೆ ಅದನ್ನು ಎತ್ತಿಕೊಂಡು ಬಂದವರನ್ನೂ ಲೆಕ್ಕಕ್ಕೆ ತೆಗೆದುಕೊಳ್ಳುವುದು ಎಂಬ ಅರಿವು ಹೀಗೆ ಬಂತು. ಫ್ರೋಬೆಲನ ಪುಸ್ತಕವಾಗಿ ನೂರಮೂವತ್ತಕ್ಕೂ ಹೆಚ್ಚು ವರ್ಷ ಕಳೆದಿತ್ತು.

ಈ ಆಟಗಳಲ್ಲಿ ಸುಮ್ಮನೆ ಇಟ್ಟದ್ದು ಕಡಿಮೆ. ಗಿಡ್ಡ ಲೋಟದ ನೀರನ್ನು ಉದ್ದ ಲೋಟಕ್ಕೆ ಸುರಿದರೆ ನೀರೇ ಹೆಚ್ಚಾಯಿತೆಂದು ನಾಲ್ಕು ವರ್ಷದ ಮಗು ನಂಬುತ್ತದೆ. ಸ್ವಿಟ್ಜರ್‌ಲೆಂಡಿನ ಜಾನ್ ಪಿಯಾಜೆ ಇದನ್ನು ವಿವರವಾಗಿ ಅಧ್ಯಯನ ಮಾಡಿದರು. ಹತ್ತು ಸಲ ಹೇಳಿದರೂ ಹೋಗದ ಈ ನಂಬಿಕೆ ಸುರಿದು, ತುಂಬಿ, ಮತ್ತೆ ಸುರಿದು ಬೆಳೆಯುವಾಗ ತಾನಾಗಿ ಕಳಚುತ್ತದೆ. ನೀರಿನ ತೊಟ್ಟಿ ಇರುವುದು ಅದಕ್ಕೆ. ಅಂಗಡಿಯಾಟದಲ್ಲಿ ವಿಂಗಡಿಸುವುದು, ಎಣಿಸುವುದು, ಸರದಿ ಕಾಯುವುದು, ಇನ್ನೊಬ್ಬರ ಪಾತ್ರ ಧರಿಸುವುದು ಎಲ್ಲ ಸೇರಿದೆ.

ನಮ್ಮ ಬೆಂಗಳೂರಿನಲ್ಲಿ ಈ ಚರಿತ್ರೆಯ ಎರಡು ಘಟ್ಟಗಳನ್ನು ಒಂದೇ ರಸ್ತೆಯಲ್ಲಿ ನೋಡಬಹುದು. ಕಸ್ತೂರಬಾ ರಸ್ತೆಯ ಸರ್ಕಾರಿ ವಸ್ತುಸಂಗ್ರಹಾಲಯ 1865ರಲ್ಲಿ ಸ್ಥಾಪನೆಯಾದದ್ದು. ಅಲ್ಲಿ ಹತ್ತನೆಯ ಶತಮಾನದ ಆತಕೂರು ಶಾಸನವಿದೆ. ಕಾಳಿ ಎಂಬ ಬೇಟೆನಾಯಿ ಹಂದಿಯೊಡನೆ ಹೋರಾಡಿ ಸತ್ತದ್ದರ ನೆನಪಿಗೆ ನಿಲ್ಲಿಸಿದ ಕಲ್ಲು, ಆ ಹೋರಾಟದ ಚಿತ್ರವೂ ಅದರ ಮೇಲಿದೆ. ನಾಲ್ಕು ವರ್ಷದ ಯಾವ ಮಗುವಿಗೆ ಅದರ ಮೇಲೆ ಬೆರಳಾಡಿಸುವ ಆಸೆಯಾಗದು? ಕಲ್ಲು ಉಳಿಯಬೇಕಾದರೆ ಮುಟ್ಟಬಾರದು, ಅದೂ ನ್ಯಾಯವೇ. ಅದರ ಪಕ್ಕದಲ್ಲೇ ಸರಿಯಾಗಿ ನೂರು ವರ್ಷದ ನಂತರ, 1965ರಲ್ಲಿ, ವಿಶ್ವೇಶ್ವರಯ್ಯ ಕೈಗಾರಿಕಾ ಮತ್ತು ತಾಂತ್ರಿಕ ಮ್ಯೂಸಿಯಂ ತೆರೆಯಿತು. ನಮ್ಮಲ್ಲಿ ಎಷ್ಟೋ ಜನ ಶಾಲೆಯ ಪ್ರವಾಸದಲ್ಲಿ ಸಾಲುಗಟ್ಟಿ ನಿಂತು ಅಲ್ಲಿ ಗುಂಡಿ ಒತ್ತಿದವರೇ!

ಶಾಲೆಗೆ ಮುಂಚಿನ ಆಟಕ್ಕೆ ನಮಗೆ ಮ್ಯೂಸಿಯಂ ಬೇಕಿರಲಿಲ್ಲ. ಅಂಗಳವಿತ್ತು, ಹಿತ್ತಿಲಿತ್ತು, ಅಜ್ಜಿಯ ಮೊರದ ಪಕ್ಕ ಒಂದು ಹಿಡಿ ರಾಗಿ ಸಿಗುತ್ತಿತ್ತು. ಇಲ್ಲಿ ಅಂಗಳವೂ ಇಲ್ಲ, ಅಜ್ಜಿ ಬಂದರೂ ಆರು ತಿಂಗಳಿಗೆ ವಾಪಸು. ಆ ಅಂಗಳದ ಕೆಲಸವನ್ನು ಮಕ್ಕಳ ಮ್ಯೂಸಿಯಂ ಒಂದಿಷ್ಟು ಮಾಡುತ್ತದೆ. ಆದರೆ ಅಜ್ಜಿಯ ಮಾತನ್ನು ಅದು ಕೊಡಲಾರದು. ಅದನ್ನು ನಾವೇ ಒಯ್ಯಬೇಕು.

ನೀರಿನ ತೊಟ್ಟಿಯ ಮುಂದೆ ಮಗುವಿನ ಪಕ್ಕ ಕುಳಿತು ನೋಡಿ. ಸುರಿ, ತುಂಬು, ಚೆಲ್ಲು, ತುಳುಕು, ಸೋರು, ಜಿನುಗು, ತೊಟ್ಟಿಕ್ಕು! ಎಷ್ಟು ಕನ್ನಡ ಒಂದು ತೊಟ್ಟಿಯಲ್ಲಿದೆ. ಅಂಗಡಿಯಾಟದಲ್ಲಿ ಚೌಕಾಸಿ, ಚಿಲ್ಲರೆ, ಕೊಸರು. ಕೊಸರು ಎಂಬ ಮಾತನ್ನು ಪಾಠ ಹೇಳಿ ಕಲಿಸಲಾಗದು. ಒಂದು ಆಟದ ಟೊಮೇಟೊ ಹೆಚ್ಚಿಗೆ ಹಾಕಿದರೆ ಮಗುವಿಗೆ ತಿಳಿಯುತ್ತದೆ. ಶಾಲೆಯ ಹಳದಿ ಬಸ್ಸು ಬಾಗಿಲಿಗೆ ಬಂದ ಮೇಲೆ ಇಂಗ್ಲಿಷ್ ತಾನಾಗಿ ಮನೆಯೊಳಗೆ ಬರುತ್ತದೆ, ಅದನ್ನು ಯಾರೂ ತಡೆಯಬೇಕಾಗಿಲ್ಲ. ಕನ್ನಡಕ್ಕೆ ಸಿಗುವುದು ಅದಕ್ಕೆ ಮುಂಚಿನ ನಾಲ್ಕೈದು ವರ್ಷ ಮಾತ್ರ. ಆ ವರ್ಷಗಳನ್ನು ಗೋಡೆಗೆ ಒರಗಿ ಕಳೆಯುವುದು ಬೇಡ.

ಒಂದು ಸಲಹೆ. ಮುಂದಿನ ಯುಗಾದಿ ಕಾರ್ಯಕ್ರಮದಲ್ಲಿ ಹಾಲ್‌ನ ಒಂದು ಮೂಲೆಗೆ ಚಾಪೆ ಹಾಸೋಣ. ಯಾರ ಮನೆಯಲ್ಲಾದರೂ ಸೇರು, ಪಾವು, ಮೊರ, ಹಿತ್ತಾಳೆ ಚೊಂಬು, ಚನ್ನಪಟ್ಟಣದ ದೊಡ್ಡ ಗೊಂಬೆಗಳು ಇದ್ದರೆ ತನ್ನಿ. ಮೂರು ವರ್ಷದೊಳಗಿನವರು ಎಲ್ಲವನ್ನೂ ಬಾಯಿಗೆ ಹಾಕುವುದರಿಂದ ಕಾಳು, ಹುಣಸೆಬೀಜ, ಕವಡೆಗಳನ್ನು ದೊಡ್ಡ ಮಕ್ಕಳ ಚಾಪೆಯಲ್ಲೇ ಬೇರೆ ಇಡೋಣ. ಮೂಲೆಗೆ ‘ದಯವಿಟ್ಟು ಮುಟ್ಟಿ’ ಎಂದು ಕನ್ನಡದಲ್ಲಿ ಬೋರ್ಡು ಬರೆಯೋಣ. ನಿಯಮ ಒಂದೇ: ಚಾಪೆಯ ಬಳಿ ದೊಡ್ಡವರು ನಿಲ್ಲುವಂತಿಲ್ಲ, ಕೂರಬೇಕು. ಸಾಮಾನು ಕೊಡಬಲ್ಲವರು ಸಮಿತಿಯವರಿಗೆ ಮೊದಲೇ ತಿಳಿಸಿದರೆ ಅನುಕೂಲ.