ಗೋವೆಯ ಗಡಿ ಮತ್ತು ಸಿಐಡಿ 999

ಕಾರವಾರದಿಂದ ಕಾಳಿ ನದಿಯನ್ನು ದಾಟಿದರೆ ಸಿಗುವ ಚಿತ್ತಾಕುಲದ ಸೀಮೆಗೆ, ಮಾಜಾಳಿಯ ಆಚೆಗಿನ ಗೋವೆಯು 1961ರ ಡಿಸೆಂಬರ್‌ವರೆಗೆ ಪೋರ್ಚುಗೀಸರ ಆಳ್ವಿಕೆಯ ಪರದೇಶವಾಗಿತ್ತು. 1968ರಲ್ಲಿ ಅದೇ ಗೋವೆ ಕನ್ನಡದ ಪತ್ತೇದಾರಿ ಚಿತ್ರವೊಂದರ ಶೀರ್ಷಿಕೆಯನ್ನೇರಿತು. ದೊರೆ–ಭಗವಾನ್ ಜೋಡಿ ನಿರ್ದೇಶಿಸಿದ ‘ಗೋವಾದಲ್ಲಿ ಸಿಐಡಿ 999’, ಅದೇ ವರ್ಷದ ‘ಜೇಡರ ಬಲೆ’ಯಲ್ಲಿ ರಾಜ್‌ಕುಮಾರ್ ನಿರ್ವಹಿಸಿದ್ದ ಗೂಢಚಾರನ ಪಾತ್ರವನ್ನು ಮುಂದುವರಿಸಿತು. 1962ರಲ್ಲಿ ತೆರೆಗೆ ಬಂದ ಜೇಮ್ಸ್ ಬಾಂಡನ ಆಕರ್ಷಣೆಯನ್ನೇ ಮೂಲಧನವಾಗಿಸಿಕೊಂಡು, ಆ ಚಿತ್ರಗಳ ಹಣಬಲದ ಸಣ್ಣ ಪಾಲೂ ಇಲ್ಲದೆ ತಯಾರಾದ ಇಂಥ ಚಿತ್ರಗಳಲ್ಲಿ, ದೃಶ್ಯಕ್ಕೆ ದಕ್ಕದ ವೈಭವವನ್ನು ಹಿನ್ನೆಲೆ ಸಂಗೀತವೇ, ಅಂದರೆ ಮಾತು ಮತ್ತು ಕ್ರಿಯೆಯ ಹಿಂದೆ ನುಡಿಯುವ ವಾದ್ಯಮೇಳವೇ, ತುಂಬಿಕೊಡಬೇಕಾಗುತ್ತಿತ್ತು. ಆ ಹೊಣೆ ಹೊತ್ತವರು ಜಿ.ಕೆ. ವೆಂಕಟೇಶ್. ಭೀಮಸೇನ ಜೋಶಿಯವರು ಹಾಡಿದ ‘ಸಂಧ್ಯಾರಾಗ’ ಚಿತ್ರಕ್ಕೆ ಹಿಂದುಸ್ತಾನಿ ಶೈಲಿಯ ಸಂಗೀತ ನೀಡಿದ್ದವರೇ ಗೂಢಚಾರನ ಬೆನ್ನಟ್ಟುವಿಕೆಗೂ ಸ್ವರ ಹೊಂದಿಸಿದ್ದು ಅವರ ವೃತ್ತಿಯ ವಿಸ್ತಾರವನ್ನು ತೋರಿಸುತ್ತದೆ; ಆದರೆ ಈ ಎರಡನೆಯ ಕೆಲಸಕ್ಕೆ ಸಲ್ಲಬೇಕಾದಷ್ಟು ಗೌರವ ಸಂದಿಲ್ಲವೆನ್ನಬೇಕು. 1969ರ ‘ಆಪರೇಷನ್ ಜಾಕ್‌ಪಾಟ್‌ನಲ್ಲಿ ಸಿಐಡಿ 999’ರ ಬಳಿಕ ಸರಣಿ ಕೆಲಕಾಲ ನಿಂತು, 1978ರ ‘ಆಪರೇಷನ್ ಡೈಮಂಡ್ ರಾಕೆಟ್’ನಲ್ಲಿ ಮರಳಿದಾಗ ವೆಂಕಟೇಶ್ ಅವರು ಇಂಗ್ಲಿಷ್ ಸಾಹಿತ್ಯದ ಹಾಡೊಂದನ್ನು ರಾಜ್‌ಕುಮಾರ್ ಅವರಿಂದಲೇ ಹಾಡಿಸಿದರು.