ಬಿಸಿಯಾದ ಚಕ್ರ, ಬರಿದಾದ ಹಳ್ಳಿ

ಸ್ವಿಟ್ಜರ್ಲೆಂಡಿನ ಜ್ಯೂರಿಕ್ ಕಡೆ ಹುಮ್ಲಿಕೋನ್ ಎಂಬ ಸಣ್ಣ ಹಳ್ಳಿಯಿದೆ. 1963ರಲ್ಲಿ ಅಲ್ಲಿದ್ದದ್ದು 217 ಜನ, ಹೆಚ್ಚಿನವರು ರೈತರು. ಆ ವರ್ಷ ಸೆಪ್ಟೆಂಬರ್ 4ರ ಬೆಳಿಗ್ಗೆ ಊರಿನ 43 ಮಂದಿ ಜಿನೀವಾ ಕಡೆ ಕೃಷಿ ಪ್ರಯೋಗ ನೋಡಿಬರಲು ವಿಮಾನ ಹತ್ತಿದರು. ಒಬ್ಬರೂ ವಾಪಸ್ ಬರಲಿಲ್ಲ. ಊರಿನ ಐದರಲ್ಲಿ ಒಂದು ಪಾಲು ಜನ ಒಂದೇ ಬೆಳಿಗ್ಗೆ ಇಲ್ಲವಾದರು. ಎಷ್ಟೋ ಮಕ್ಕಳು ಅಪ್ಪ ಅಮ್ಮ ಇಬ್ಬರನ್ನೂ ಕಳೆದುಕೊಂಡರು. ಹೊಲದ ಕೆಲಸ ನಿಲ್ಲಬಾರದೆಂದು ಹೊರಗಿನ ಸ್ವಯಂಸೇವಕರು ಬಂದು ದುಡಿಯಬೇಕಾಯಿತು.

ಕಾರಣವಾದದ್ದು ಎಂಜಿನ್ ಅಲ್ಲ, ಚಕ್ರ.

ಅಂದು ಜ್ಯೂರಿಕ್ ನಿಲ್ದಾಣದಲ್ಲಿ ದಟ್ಟ ಮಂಜು. ಸ್ವಿಸ್‌ಏರ್ ಸಂಸ್ಥೆಯ ಕ್ಯಾರವೆಲ್ ಜೆಟ್ ವಿಮಾನದ ಪೈಲಟ್, ಎಂಜಿನ್ ಜೋರು ಮಾಡಿ ಅದರ ಬಿಸಿ ಗಾಳಿಯಿಂದ ಮಂಜು ಚದುರಿಸಲು ರನ್‌ವೇ ಮೇಲೆ ಓಡಾಡಿದರು. ಎಂಜಿನ್ ಮುಂದಕ್ಕೆ ತಳ್ಳುವಾಗ ವಿಮಾನ ತಡೆಯಲು ಬ್ರೇಕ್ ಒತ್ತಲೇಬೇಕು. ಬ್ರೇಕ್ ಕಾಯಿತು, ಚಕ್ರದ ರಿಮ್ ಕಾಯಿತು. ಹಾರುವ ಮುಂಚೆಯೇ ಒಂದು ರಿಮ್ ಒಡೆಯಿತು. ಅದರ ಚೂರುಗಳು ಆಮೇಲೆ ರನ್‌ವೇಯಲ್ಲಿ ಸಿಕ್ಕವು. ಕಾದ ಚಕ್ರಗಳನ್ನು ಹೊಟ್ಟೆಯೊಳಗೆ ಮಡಚಿಕೊಂಡು ವಿಮಾನ ಮೇಲೇರಿತು. ಬೆಂಕಿ ಹಬ್ಬಿ ಹತ್ತು ನಿಮಿಷದೊಳಗೆ ಡ್ಯೂರೆನೆಶ್ ಹಳ್ಳಿಯ ಬಳಿ ಬಿತ್ತು. ಒಳಗಿದ್ದ 80 ಮಂದಿಯೂ ಸತ್ತರು.

1986ರ ಮಾರ್ಚ್ 31ರಂದು ಮೆಕ್ಸಿಕೋದಲ್ಲಿ ಇಂಥದ್ದೇ ಇನ್ನೊಂದು ದುರಂತ. ಮೆಕ್ಸಿಕಾನಾ ಸಂಸ್ಥೆಯ ಬೋಯಿಂಗ್ 727 ವಿಮಾನದಲ್ಲಿ ಬ್ರೇಕ್ ಹಿಡಿದುಕೊಂಡು ಚಕ್ರ ಕಾಯಿತು. ಟೈರಿನಲ್ಲಿ ತುಂಬಿದ್ದದ್ದು ನೈಟ್ರೋಜನ್ ಅಲ್ಲ, ಮಾಮೂಲಿ ಗಾಳಿ. ಆಕಾಶದಲ್ಲಿ ಟೈರ್ ಸಿಡಿದು 167 ಮಂದಿ ಸತ್ತರು. ಗಾಳಿಯಲ್ಲಿ ಆಮ್ಲಜನಕ ಇರುತ್ತದೆ, ಅದು ಬೆಂಕಿಗೆ ಮೇವು. ನೈಟ್ರೋಜನ್ ಉರಿಯಲು ಬಿಡುವುದಿಲ್ಲ. ದೊಡ್ಡ ವಿಮಾನಗಳ ಟೈರಿಗೆ ಇಂದು ನೈಟ್ರೋಜನ್ ತುಂಬುವುದು ಇದಕ್ಕೇ.

ಈಗಿನ ಜೆಟ್ ವಿಮಾನದ ಚಕ್ರದಲ್ಲಿ ಇನ್ನೊಂದು ಕಾವಲೂ ಇದೆ. ರಿಮ್ಮಿನಲ್ಲಿ ಸಣ್ಣ ಬಿರಡೆಗಳಿರುತ್ತವೆ. ಬಿಸಿ ಮಿತಿ ಮೀರಿದರೆ ಅದರೊಳಗಿನ ಲೋಹ ಕರಗಿ ಟೈರಿನ ಒತ್ತಡ ಹೊರಹೋಗುತ್ತದೆ. ಟೈರ್ ಸಿಡಿಯುವ ಬದಲು ಚಪ್ಪಟೆಯಾಗುತ್ತದೆ.

ಪರೀಕ್ಷಿಸುವ ಕೆಲಸಗಾರರ ಜೀವಕ್ಕೂ ನಿಯಮಗಳಿವೆ. ಮೊದಲು, ಲಾರಿ ಚಕ್ರಕ್ಕೆ ನಾವು ಕಲ್ಲು ಕೊಡುವಂತೆ, ಚಕ್ರಕ್ಕೆ ಅಡ್ಡ ಕೊಡಬೇಕು. ಚಕ್ರದ ಕಾಲು ಮಡಚಿ ಮೇಲೆ ಬೀಳದಂತೆ ಲಾಕ್ ಪಿನ್ ಹಾಕಬೇಕು. ಹಾರುವ ಮುಂಚೆ ತೆಗೆಯಲು ಮರೆಯದಿರಲೆಂದು ಅದಕ್ಕೆ ಕೆಂಪು ಪಟ್ಟಿ ಕಟ್ಟಿರುತ್ತಾರೆ. ಕಾದ ಚಕ್ರದ ಹತ್ತಿರ ಹೋಗಲೇಬೇಕಾದರೆ ಎದುರಿನಿಂದ ಇಲ್ಲವೇ ಹಿಂದಿನಿಂದ ಹೋಗಬೇಕು, ಪಕ್ಕದಿಂದ ಬೇಡ. ರಿಮ್ ಒಡೆದರೆ ಚೂರು ಹಾರುವುದು ಪಕ್ಕಕ್ಕೆ.

ಎಲ್ಲಕ್ಕಿಂತ ಮುಖ್ಯ, ಕಾಯಬೇಕು. ಬ್ರೇಕ್ ಬಿಸಿ ನಿಧಾನವಾಗಿ ರಿಮ್ಮಿಗೆ, ಟೈರಿಗೆ ಇಳಿಯುತ್ತದೆ. ವಿಮಾನ ನಿಂತ ಮೇಲೂ ಚಕ್ರ ಇನ್ನಷ್ಟು ಕಾಯುತ್ತಾ ಹೋಗಬಹುದು. ಘಾಟಿ ಇಳಿದು ಬಂದ ಲಾರಿ ಚಾಲಕರಿಗೆ ಈ ಮಾತು ಬಿಡಿಸಿ ಹೇಳಬೇಕಿಲ್ಲ.

ನಮ್ಮ ಊರುಗಳಿಂದಲೂ ಈಗ ಗಲ್ಫ್‌ಗೆ, ಹಜ್‌ಗೆ, ದೂರದ ಕೆಲಸಕ್ಕೆ ವಿಮಾನ ಹತ್ತುವವರಿದ್ದಾರೆ. ಬ್ರೇಕ್ ಆರಲಿ ಎಂದು ವಿಮಾನ ಅರ್ಧ ಗಂಟೆ ತಡವಾದರೆ ಗೊಣಗುತ್ತೇವೆ. ಹುಮ್ಲಿಕೋನ್‌ನ 43 ಮಂದಿಗೆ ಆ ಅರ್ಧ ಗಂಟೆ ಸಿಗಲಿಲ್ಲ.